ಏಳುಕೋಟಿ, ಯಳಕೋಟ ಮತ್ತು ಅಪ್ಪನ ಪಂಚಾಂಗಗಳು

ಪುಣೆಯಲ್ಲಿ ಹುಟ್ಟಿ ಬೆಳೆದ ನೀವು ಜೇಜುರಿಗೆ ಒಮ್ಮೆಯಾದರೂ ಹೋಗಿಯೇ ಇರುತ್ತೀರಿ. ಶಾಲೆಯ ಟ್ರಿಪ್ಪಿನಲ್ಲಿ, ಇಲ್ಲವೇ ಪಕ್ಕದ ಮನೆಯ ಹೊಸ ಮದುಮಕ್ಕಳ ಜೊತೆ, ಇಲ್ಲವೇ ಮಳೆಗಾಲದ ಒಂದು ರವಿವಾರ ಗೆಳೆಯರ ಬೈಕುಗಳಲ್ಲಿ ದಿವೆ ಘಾಟ್ ಹತ್ತಿ, ಸಾಸವಡ ದಾಟಿ. ಸುಮಾರು 50 ಕಿಲೋಮೀಟರ್ ದಾರಿ. ಬಿಳಿ ಅಂಗಿ ಹಾಕಿಕೊಂಡು ಹೋದವರು ಹಳದಿ ಅಂಗಿಯಲ್ಲಿ ಮರಳುತ್ತಾರೆ. ಆ ಬಂಡಾರದ ಬಣ್ಣ ಎರಡು ಸಲ ಒಗೆದರೂ ಬಿಡುವುದಿಲ್ಲ. ಮೆಟ್ಟಿಲು ಹತ್ತುವಾಗ ಎಲ್ಲರೂ ಕೂಗುವ ಹಾಗೆ ನೀವೂ ಕೂಗಿರುತ್ತೀರಿ: "ಯಳಕೋಟ ಯಳಕೋಟ ಜಯ ಮಲ್ಹಾರ!"

ಈಗ ನನ್ನ ಪ್ರಶ್ನೆ. "ಜಯ" ಗೊತ್ತು. "ಮಲ್ಹಾರ" ಎಂದರೆ ಮಲ್ಲನೆಂಬ ದೈತ್ಯನ ವೈರಿ, ಮಲ್ಹಾರಿ, ಅದೂ ಆಯಿತು. "ಯಳಕೋಟ" ಎಂದರೇನು? ನಿಮ್ಮ ಮರಾಠಿ ಗೆಳೆಯರನ್ನು ಕೇಳಿ ನೋಡಿ. ಬಹಳ ಜನ ತಲೆ ಕೆರೆದುಕೊಳ್ಳುತ್ತಾರೆ. ತಪ್ಪು ಅವರದಲ್ಲ, ಅದು ಮರಾಠಿ ಶಬ್ದವೇ ಅಲ್ಲ. ನಿಮ್ಮ ಅಜ್ಜಿ ಲೆಕ್ಕ ಮಾಡುವಾಗ ಹೇಳುತ್ತಿದ್ದ ಏಳು, ಅದರ ಮುಂದೆ ಕೋಟಿ. ಏಳುಕೋಟಿ! ದೈತ್ಯರ ಮೇಲೆ ದಂಡೆತ್ತಿ ಹೋದ ದೇವರ ಹಿಂದೆ ಏಳು ಕೋಟಿ ಸೈನ್ಯವಿತ್ತು ಎಂಬ ನಂಬಿಕೆ. ತುಂಗಭದ್ರೆಯ ದಂಡೆಯ ಮೈಲಾರದಲ್ಲಿ ಇವತ್ತಿಗೂ ಜನ "ಏಳುಕೋಟಿ, ಏಳುಕೋಟಿ" ಎಂದೇ ಕೂಗುತ್ತಾರೆ. ಜೇಜುರಿಯ ಮೆಟ್ಟಿಲ ಮೇಲೆ ಸಾವಿರಾರು ಮರಾಠಿ ಗಂಟಲುಗಳಿಂದ ಹೊರಡುವ ಕೂಗು ಕನ್ನಡದ್ದು ಎಂದು ಮರಾಠಿಯ ವಿದ್ವಾಂಸರೇ ಒಪ್ಪಿದ್ದಾರೆ. ನಮ್ಮ ಪುಣೆಯಲ್ಲೇ ಬಾಳಿ 2016ರಲ್ಲಿ ತೀರಿಕೊಂಡ ರಾ. ಚಿಂ. ಢೇರೆಯವರು ಖಂಡೋಬನ ಬೇರು ಹುಡುಕುತ್ತ ಕನ್ನಡ ನಾಡಿನ ಮೈಲಾರನ ಬಾಗಿಲಿಗೆ ಬಂದವರು.

ನಾವು ಮೈಲಾರಲಿಂಗ, ಮಲ್ಲಯ್ಯ, ಮಾಲತೇಶ ಎನ್ನುತ್ತೇವೆ. ಅವರು ಖಂಡೋಬಾ ಎನ್ನುತ್ತಾರೆ. ಅವರಲ್ಲಿ ವಾಘ್ಯಾ, ನಮ್ಮಲ್ಲಿ ಗೊರವಯ್ಯ. ಅವರಲ್ಲಿ ಧನಗರರು, ನಮ್ಮಲ್ಲಿ ಕುರುಬರು. ಕಬ್ಬಿಣದ ಸರಪಳಿ ಹರಿಯುವ ಪವಾಡ ಅಲ್ಲಿಯೂ ಉಂಟು, ಇಲ್ಲಿಯೂ ಉಂಟು. ಗೊರವಯ್ಯನ ಕರಡಿ ಕೂದಲಿನ ಟೋಪಿ, ಕರಿ ಕಂಬಳಿ, ಡಮರು ಮಾತ್ರ ಜೇಜುರಿಯಲ್ಲಿ ಕಾಣುವುದಿಲ್ಲ. ಖಂಡೋಬನ ಹಿರಿಯ ಹೆಂಡತಿ ಮ್ಹಾಳಸಾ ಲಿಂಗಾಯತ ವಾಣಿಗರ ಮಗಳು, ಕಿರಿಯಳು ಬಾಣಾಯಿ ಧನಗರರವಳು. ಪಗಡೆಯಾಟದಲ್ಲಿ ಮ್ಹಾಳಸಳಿಗೆ ಸೋತು ಹನ್ನೆರಡು ವರ್ಷ ಮನೆ ಬಿಟ್ಟು ಹೋದ ದೇವರು ಕುರಿ ಕಾಯುತ್ತ ಬಾಣಾಯಿಯನ್ನು ಕಂಡನಂತೆ. ಹನ್ನೆರಡು ವರ್ಷಗಳನ್ನು ಪಣವಾಗಿ ಇಟ್ಟು ಆಡುವ ಗಂಡ ಹೆಂಡತಿ! ಕಥೆ ಕಟ್ಟಿದವರು ಕಾಲವನ್ನು ಎಷ್ಟು ಸಲೀಸಾಗಿ ಕೈಯಲ್ಲಿ ಹಿಡಿದಿದ್ದರು ನೋಡಿ.

ಕಾಲದ ಮಾತು ಬಂದದ್ದು ಸುಮ್ಮನೆ ಅಲ್ಲ. ನನ್ನ ತಂಗಿಯ ಮಗಳು ಇಲ್ಲಿಯ ಒಂದು ಎಂಜಿನಿಯರಿಂಗ್ ಕಾಲೇಜಿನಲ್ಲಿ ಓದುತ್ತಾಳೆ. ಅವಳೂ ಗೆಳತಿಯರೂ ಸೇರಿ ಒಂದು ಕಲ್ಪನೆಯ ಲೋಕವನ್ನು ಕಟ್ಟುತ್ತಿದ್ದಾರೆ. ಆಟವೋ ಕಾದಂಬರಿಯೋ ಇನ್ನೂ ತೀರ್ಮಾನವಾಗಿಲ್ಲ. ನಿಮ್ಮಲ್ಲೂ ಇಂಥವರು ಇರಬಹುದು. ಆ ಲೋಕದಲ್ಲಿ ಕಾಲವನ್ನು ಹಿಂದೆ ಮುಂದೆ ತಿರುಗಿಸುವ ಮಾಂತ್ರಿಕರು, ಅವರಿಗೊಂದು ಪವಿತ್ರ ಗ್ರಂಥ. ಅದಕ್ಕೆ ಅವಳು ಮಾಡಿದ ನಿಯಮ ನನಗೆ ಬಹಳ ಹಿಡಿಸಿತು: ಮುಂದಿನ ಪುಟವನ್ನು ಯಾರಾದರೂ ಓದಿದರೆ ಅವರ ನೆನಪಿನಿಂದ ಹಿಂದಿನ ಒಂದು ದಿನ ಅಳಿಸಿ ಹೋಗುತ್ತದೆ. ಹಾಗಾಗಿ ಆ ಗ್ರಂಥವನ್ನು ಪೂರ್ತಿ ಓದಿದವನಿಗೆ ತಾನು ಯಾರೆಂದೇ ಗೊತ್ತಿರುವುದಿಲ್ಲ.

ಇದನ್ನೆಲ್ಲ ಹೇಳಿ ಅವಳು ಕೇಳಿದಳು: "ಮಾಮಾ, ನಮ್ಮ ಕಡೆ ಇಂಥಾ ಪುಸ್ತಕ ಯಾವುದೂ ಇಲ್ಲೇನು? ಎಲ್ಲಾ ಇಂಗ್ಲಿಷ್ ಕಥೆಯಿಂದಾನೇ ತಗೋಬೇಕೇನು?"

"ನಮ್ಮ ಕಡೆ" ಎಂಬ ಶಬ್ದವನ್ನು ಅವಳ ಬಾಯಿಂದ ನಾನು ಕೇಳಿದ್ದು ಅಪರೂಪ. ಮನೆಯಲ್ಲಿ ಕನ್ನಡ ಮಾತಾಡುತ್ತಾಳೆ, ಓದಲು ಬಾರದು. ನಮ್ಮ ಮನೆದೇವರು ಮೈಲಾರಲಿಂಗ ಎಂಬುದು ಕೂಡ ಅವಳಿಗೆ ಆಧಾರ್ ಕಾರ್ಡಿನ ನಂಬರಿನಷ್ಟೇ ಗೊತ್ತು: ಬೇಕಾದಾಗ ಕೇಳಿ ತಿಳಿದುಕೊಳ್ಳುವ ವಿಷಯ. ಅವಳನ್ನು ಜೇಜುರಿಗೆ ಕರೆದುಕೊಂಡು ಹೋದೆ. ಅಲ್ಲಿ ನಡೆದ ಮಾತುಕತೆಯನ್ನೇ ನಿಮ್ಮ ಮುಂದೆ ಸ್ವಲ್ಪ ಬಿಡಿಸಿ ಇಡುತ್ತೇನೆ.

ಜೇಜುರಿಗೆ ಒಂದು ಗ್ರಂಥವಿದೆ, ಸಂಸ್ಕೃತದಲ್ಲಿ. ಹೆಸರು ಮಲ್ಹಾರಿ ಮಾಹಾತ್ಮ್ಯ. ಮಣಿ, ಮಲ್ಲ ಎಂಬ ಅಣ್ಣತಮ್ಮಂದಿರ ಉಪಟಳ ತಾಳಲಾರದೆ ಋಷಿಗಳು ದೇವಲೋಕಕ್ಕೆ ಮೊರೆ ಹೋಗುತ್ತಾರೆ. ಶಿವ ಅರಿಶಿನ ಬಳಿದುಕೊಂಡು, ಸೂರ್ಯನಂತೆ ಹೊಳೆಯುತ್ತ, ಮಾರ್ತಂಡ ಭೈರವನಾಗಿ ಇಳಿಯುತ್ತಾನೆ. ಮಾರ್ತಂಡ ಎಂದರೇ ಸೂರ್ಯ. ರವಿವಾರ ಈ ದೇವರ ವಾರವಾದದ್ದು ಹೀಗೆ. ಮಾರ್ಗಶಿರ ಶುದ್ಧ ಪಾಡ್ಯದಿಂದ ಷಷ್ಠಿಯವರೆಗೆ ಯುದ್ಧ. ಆ ಷಷ್ಠಿಯೇ ಚಂಪಾಷಷ್ಠಿ. ಮಣಿ ಶರಣಾಗಿ ತನ್ನ ಬಿಳಿ ಕುದುರೆಯನ್ನು ಕೊಟ್ಟು, ದೇವರ ಬಳಿಯಲ್ಲೇ ನಿಲ್ಲುವ ವರ ಪಡೆಯುತ್ತಾನೆ. ಮಲ್ಲ ಸಾಯುವಾಗಲೂ ಲೋಕನಾಶದ ವರವನ್ನೇ ಕೇಳಿದ. ಅವನ ತಲೆ ಗುಡಿಯ ಮೆಟ್ಟಿಲ ಕೆಳಗೆ ಬಿತ್ತು. ಗುಡಿ ಹತ್ತುವವರೆಲ್ಲ ಅವನನ್ನು ತುಳಿದೇ ಹತ್ತುತ್ತಾರೆ.

ಇದೆಲ್ಲ ಆದದ್ದು ಯಾವಾಗ? ಕೃತಯುಗದಲ್ಲಿ ಎನ್ನುತ್ತದೆ ಗ್ರಂಥ. ಪುರಾಣದ ಲೆಕ್ಕ ನಿಮಗೆ ಹೇಳಿಬಿಡುತ್ತೇನೆ, ಯಾಕೆಂದರೆ ಕಲ್ಪನೆಯ ಲೋಕ ಕಟ್ಟುವವರಿಗೆ ಇದು ಬಿಟ್ಟಿ ಸಿಗುವ ಸರಕು. ಕಲಿಯುಗ 4,32,000 ವರ್ಷ. ಅದರ ಎರಡು ಪಾಲು ದ್ವಾಪರ, ಮೂರು ಪಾಲು ತ್ರೇತಾ, ನಾಲ್ಕು ಪಾಲು ಕೃತಯುಗ, ಅಂದರೆ 17,28,000 ವರ್ಷ. ನಾಲ್ಕೂ ಸೇರಿ ಒಂದು ಮಹಾಯುಗ. ಅಂಥ ಸಾವಿರ ಮಹಾಯುಗ ಉರುಳಿದರೆ ಬ್ರಹ್ಮನ ಒಂದು ಹಗಲು, 432 ಕೋಟಿ ವರ್ಷ! ಗ್ರಂಥದ ಪ್ರಕಾರ ಮಣಿ ಮಲ್ಲರು ಸತ್ತು ಲಕ್ಷಾಂತರ ವರ್ಷಗಳಾದವು.

ಆದರೆ ವಿದ್ವಾಂಸರು ಬೇರೆ ಲೆಕ್ಕ ಹೇಳುತ್ತಾರೆ. ಈ ಗ್ರಂಥ ತಾನು ಬ್ರಹ್ಮಾಂಡ ಪುರಾಣದ ಒಂದು ಭಾಗ ಎಂದು ಹೇಳಿಕೊಳ್ಳುತ್ತದೆ. ಆ ಪುರಾಣದ ಪ್ರಚಲಿತ ಆವೃತ್ತಿಗಳಲ್ಲಿ ಇದು ಇಲ್ಲ. ಢೇರೆಯವರೂ ಜರ್ಮನಿಯ ವಿದ್ವಾಂಸ ಗುಂಥರ್ ಜೊಂಥೈಮರ್ ಅವರೂ ಇದನ್ನು ಹದಿನೈದನೇ ಶತಮಾನದ ಕೊನೆ, ಹದಿನಾರನೆಯದರ ಮೊದಲ ಹೊತ್ತಿಗೆ ಖಂಡೋಬನ ಒಕ್ಕಲಾದ ಒಬ್ಬ ಬ್ರಾಹ್ಮಣ ಬರೆದಿರಬೇಕು ಎಂದು ಊಹಿಸಿದರು. (1992ರಲ್ಲಿ ತೀರಿಕೊಂಡ ಈ ಜೊಂಥೈಮರ್ ಧನಗರರ ಜೊತೆ ಬೆರೆತು ಈ ದೇವರುಗಳ ಕಥೆ ಕೇಳಿದವರು. ಅವರ ಪುಸ್ತಕ ನಿಮ್ಮ ಕೈಗೆ ಸಿಕ್ಕರೆ ಬಿಡಬೇಡಿ.) ಅಂದರೆ ಐನೂರು ವರ್ಷದ ಪುಸ್ತಕವೊಂದು ತನ್ನನ್ನು ತಾನೇ ಲಕ್ಷಾಂತರ ವರ್ಷ ಹಿಂದಕ್ಕೆ ಕಳಿಸಿಕೊಂಡಿತು.

"ಹಂಗಾದ್ರ ಇದು ಸುಳ್ಳು ಪುಸ್ತಕ?" ಎಂದಳು ಸೊಸೆ. ನಾನು ಹಾಗೆ ಎನ್ನುವುದಿಲ್ಲ. ಬರೆದವನು ಹಣಕ್ಕೋ ಹೆಸರಿಗೋ ಬರೆದಿದ್ದರೆ ತನ್ನ ಹೆಸರನ್ನು ಹಾಕಿಕೊಳ್ಳುತ್ತಿದ್ದ. ಕುರಿಗಾಹಿಗಳೂ ಬೇಟೆಗಾರರೂ ಆಗಲೇ ಪೂಜಿಸುತ್ತಿದ್ದ ದೇವರನ್ನು ಅವನು ಸಂಸ್ಕೃತದ ಮನೆಗೆ ಕರೆದು ಕೂರಿಸಬೇಕಿತ್ತು, ಆ ಮನೆಯ ಬಾಗಿಲು ಹಳೆಯದಕ್ಕೆ ಮಾತ್ರ ತೆರೆಯುತ್ತಿತ್ತು. ಆದ್ದರಿಂದ ಹಳೆಯದಾಗಿಸಿದ. ನಮ್ಮ ಊರೂರಿನ ಸ್ಥಳಪುರಾಣಗಳೆಲ್ಲ ಹೆಚ್ಚು ಕಡಿಮೆ ಇದೇ ಜಾಡಿನವು. ನನಗೆ ಮುಖ್ಯವೆನಿಸುವುದು ಇನ್ನೊಂದು: ಆ ಗ್ರಂಥ ಹೇಳುವ ಪ್ರೇಮಪುರಿ ಬೀದರಿನ ಹತ್ತಿರದ ಖಾನಾಪುರದ ಮೈಲಾರವೋ, ತುಂಗಭದ್ರೆಯ ಮೈಲಾರವೋ, ಜೇಜುರಿಯೋ ಎಂಬ ವಾದ ಇನ್ನೂ ಮುಗಿದಿಲ್ಲ. ವಾದದ ಹೆಚ್ಚಿನ ಪಾಲು ನಮ್ಮ ನಾಡಿನೊಳಗೇ ನಡೆಯುತ್ತಿದೆ.

ಗ್ರಂಥ ಬಿಟ್ಟರೂ ಜೇಜುರಿಯಲ್ಲಿ ಕಾಲದ ಆಟ ಬಿಡುವುದಿಲ್ಲ. ಸೋಮವಾರ ಬಂದ ಅಮಾವಾಸ್ಯೆಯನ್ನು ಸೋಮವತಿ ಎನ್ನುತ್ತಾರೆ. ಅಂದು ದೇವರ ಪಲ್ಲಕ್ಕಿ ಬೆಟ್ಟದಿಂದ ಇಳಿದು ಕಾರ್ಹಾ ನದಿಗೆ ಸ್ನಾನಕ್ಕೆ ಹೋಗುತ್ತದೆ. ಯಾವ ತಿಂಗಳಲ್ಲಿ ಎಂದು ಕೇಳಬೇಡಿ, ಅದಕ್ಕೆ ಗೊತ್ತಾದ ತಿಂಗಳಿಲ್ಲ. ಚಂದ್ರನ ತಿಂಗಳು ಇಪ್ಪತ್ತೊಂಬತ್ತೂವರೆ ದಿನದ ಚಕ್ರ, ವಾರ ಏಳು ದಿನದ ಚಕ್ರ. ಒಂದರ ಹಲ್ಲು ಇನ್ನೊಂದಕ್ಕೆ ಸರಿಯಾಗಿ ಕೂಡುವುದಿಲ್ಲ. ವರ್ಷಕ್ಕೆ ಹನ್ನೆರಡೋ ಹದಿಮೂರೋ ಅಮಾವಾಸ್ಯೆ, ಏಳು ವಾರ. ಹೀಗಾಗಿ ವರ್ಷದಲ್ಲಿ ಒಂದೋ ಎರಡೋ, ಕೆಲವೊಮ್ಮೆ ಮೂರೋ ಸಲ ಮಾತ್ರ ಎರಡು ಚಕ್ರಗಳೂ ಸೋಮವಾರದ ಹಲ್ಲಿನಲ್ಲಿ ಸಿಕ್ಕಿಕೊಳ್ಳುತ್ತವೆ. ಹಾಗೆ ಸಿಕ್ಕಿಕೊಂಡ ದಿನ ದೇವರಿಗೆ ಸ್ನಾನ. ಸೊಸೆ ತನ್ನ ವಹಿ ತೆಗೆದು ಇದನ್ನು ಬರೆದುಕೊಂಡಳು. ಅವಳ ಮಾಂತ್ರಿಕರಿಗೂ ಸ್ನಾನದ ದಿನವೊಂದು ಸಿಕ್ಕಿತೆಂದು ಕಾಣುತ್ತದೆ.

ಬೆಟ್ಟ ಇಳಿದು ನಾವು ಸ್ಟೇಷನ್ನಿಗೆ ಹೋದೆವು. ಯಾಕೆಂದರೆ ನಿಜವಾದ "ಕಲ್ಪಿತ ಶಾಸ್ತ್ರ" ಇರುವುದು ಅಲ್ಲಿ. ಕೊಲ್ಹಾಪುರದಲ್ಲಿ ಹುಟ್ಟಿ, 2004ರಲ್ಲಿ ಪುಣೆಯಲ್ಲಿ ತೀರಿಕೊಂಡ ಅರುಣ ಕೊಲಟ್ಕರ್ ಎಂಬ ಕವಿಯ ಹೆಸರು ನಿಮ್ಮಲ್ಲಿ ಇಂಗ್ಲಿಷ್ ಸಾಹಿತ್ಯ ಓದಿದವರಿಗೆ ಗೊತ್ತಿರುತ್ತದೆ. ಅವರ "ಜೇಜುರಿ" ಇಂಗ್ಲಿಷಿನಲ್ಲಿ ಪುಸ್ತಕವಾಗಿ ಬಂದದ್ದು 1976ರಲ್ಲಿ. ಮರುವರ್ಷ ಕಾಮನ್‌ವೆಲ್ತ್ ಕಾವ್ಯ ಪ್ರಶಸ್ತಿ ಪಡೆಯಿತು. ಬಸ್ಸಿನಲ್ಲಿ ಬಂದವನು ಕೊನೆಗೆ ರೈಲ್ವೆ ಸ್ಟೇಷನ್ನಿಗೆ ಬಂದು ನಿಲ್ಲುತ್ತಾನೆ. ಅಲ್ಲೊಬ್ಬ ಸ್ಟೇಷನ್ ಮಾಸ್ತರ, ಅವನೊಂದು ಪಂಥದವನು. ಆ ಪಂಥಕ್ಕೆ ಹಳಿ ಬಿದ್ದ ಕಾಲದ ಮೊದಲ ಟೈಮ್‌ಟೇಬಲ್ಲೊಂದೇ ಮೂಲಶಾಸ್ತ್ರ, ಆಮೇಲೆ ಬಂದವೆಲ್ಲ ಪ್ರಕ್ಷಿಪ್ತ. ಹಾಗೆಂದು ಮಾಸ್ತರ ಪೆದ್ದನೇನೂ ಅಲ್ಲ. ಮೂಲಶಾಸ್ತ್ರಕ್ಕೆ ತನಗೆ ಬೇಕಾದಂತೆ ವ್ಯಾಖ್ಯಾನ ಮಾಡಿ ಹೊಸ ಗಾಡಿಗಳನ್ನೂ ಅದರೊಳಗೇ ಕಂಡುಕೊಳ್ಳುತ್ತಾನೆ! ಕವಿ ಬೆಟ್ಟದ ಮೇಲಿನ ಪೂಜಾರಿಯನ್ನು ಕೆಣಕಿದ್ದಕ್ಕಿಂತ ಈ ಮಾಸ್ತರನನ್ನು ಕೆಣಕಿದ್ದು ನನಗೆ ಹೆಚ್ಚು ಇಷ್ಟ. ಪುರಾಣ ಹುಟ್ಟುವ ರೀತಿಯೂ ಪುರಾಣ ಉಳಿಯುವ ರೀತಿಯೂ ಅದರಲ್ಲಿದೆ.

ಅಂದಹಾಗೆ, ಆ ಹಳಿ ಯಾವುದು ಗೊತ್ತೇ? ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಸದರ್ನ್ ಮರಾಠಾ ರೈಲ್ವೆಯವರು ಹಾಕಿದ ಮೀಟರ್ ಗೇಜ್ ದಾರಿ. ಪುಣೆ, ಜೇಜುರಿ, ಸಾತಾರಾ, ಮೀರಜ್, ಬೆಳಗಾವಿ, ಲೋಂಡಾ, ಧಾರವಾಡ, ಹುಬ್ಬಳ್ಳಿ. ನಿಮ್ಮ ಅಜ್ಜಂದಿರು ಟ್ರಂಕು, ಹಾಸಿಗೆ ಸುರುಳಿ, ಜೋಳದ ಚೀಲ ಹೊತ್ತು ಪುಣೆಗೆ ಬಂದದ್ದು ಇದೇ ದಾರಿಯಲ್ಲಿ. ನನ್ನ ಅಪ್ಪ ಕೂಡ. 1961, ಪಾನ್‌ಶೇತ್ ಅಣೆಕಟ್ಟು ಒಡೆದು ಪುಣೆ ಮುಳುಗಿದ ವರ್ಷ. ಖಡಕಿಯ ಒಂದು ಕಾರ್ಖಾನೆಯಲ್ಲಿ ಕೆಲಸ. ಊರು ರಾಣೆಬೆನ್ನೂರು ತಾಲ್ಲೂಕಿನಲ್ಲಿ; ಹೊಳೆ ದಾಟಿದರೆ ಮೈಲಾರದ ಸೀಮೆ.

ಇಲ್ಲಿ ಒಂದು ಸ್ವಾರಸ್ಯ ಹೇಳದೆ ಮುಂದೆ ಹೋಗಲಾರೆ. 1953ರವರೆಗೆ ಮೈಲಾರ ಇದ್ದದ್ದು ಮದರಾಸಿಗೆ ಸೇರಿದ ಬಳ್ಳಾರಿ ಜಿಲ್ಲೆಯಲ್ಲಿ. ರಾಣೆಬೆನ್ನೂರು ಇದ್ದದ್ದು ಮುಂಬಯಿಗೆ ಸೇರಿದ ಧಾರವಾಡ ಜಿಲ್ಲೆಯಲ್ಲಿ. ಅಪ್ಪ ಹುಡುಗನಾಗಿದ್ದಾಗ ಜಾತ್ರೆಗೆ ಹೊಳೆ ದಾಟಿದರೆ ರಾಜ್ಯವನ್ನೇ ದಾಟಿದ ಹಾಗೆ. ಅದೇ 1956ರ ಏಕೀಕರಣದವರೆಗೆ ಅಪ್ಪನ ಊರೂ ಪುಣೆಯೂ ಒಂದೇ ರಾಜ್ಯದಲ್ಲಿದ್ದವು! ಈಗ ಮೈಲಾರ 2021ರಲ್ಲಿ ಆದ ವಿಜಯನಗರ ಜಿಲ್ಲೆಯ ಹೂವಿನಹಡಗಲಿ ತಾಲ್ಲೂಕಿನಲ್ಲಿದೆ. ದೇವರು ಕೂತಲ್ಲೇ ಕೂತಿದ್ದಾನೆ, ಜಿಲ್ಲೆಗಳು ಅವನ ಸುತ್ತ ಓಡಾಡುತ್ತಿವೆ.

ಈಗ ಕಾರಣಿಕಕ್ಕೆ ಬರೋಣ. ಪತ್ರಿಕೆಗಳಲ್ಲಿ "ಕಾರ್ಣಿಕ" ಎಂದೂ ಬರೆಯುತ್ತಾರೆ. ಮಾಘ ಮಾಸದ ಹುಣ್ಣಿಮೆಯನ್ನು ನಮ್ಮ ಕಡೆ ಭರತ ಹುಣ್ಣಿಮೆ ಎನ್ನುತ್ತೇವೆ. ಆ ಹುಣ್ಣಿಮೆಯ ಆಸುಪಾಸಿನಲ್ಲಿ ಮೈಲಾರದ ಜಾತ್ರೆ. ಹುಣ್ಣಿಮೆ ಕಳೆದ ಮೇಲೆ ಡೆಂಕನಮರಡಿ ಎಂಬ ಬಯಲಿನಲ್ಲಿ ಕಾರಣಿಕ. ಎರಡಾಳಿಗೂ ಮೀರಿದ ಎತ್ತರದ ಬಿಲ್ಲನ್ನು ನೆಟ್ಟಗೆ ನಿಲ್ಲಿಸಿ ಹಿಡಿದಿರುತ್ತಾರೆ. ದಿನಗಟ್ಟಲೆ ಉಪವಾಸವಿದ್ದ ಗೊರವಯ್ಯ ಸರಸರನೆ ಅದನ್ನು ಏರುತ್ತಾನೆ. ತುದಿಯಲ್ಲಿ ನಿಂತು ದಿಗಂತ ನೋಡುತ್ತಾನೆ. "ಸದ್ದಲೇ!" ಎಂದು ಒಂದು ಕೂಗು. ಲಕ್ಷಗಟ್ಟಲೆ ಜನ, ಪೀಪಿ ಮಾರುವವರಿಂದ ಹಿಡಿದು ಅಳುವ ಕೂಸಿನವರೆಗೆ, ಗಪ್ಪನೆ ಸುಮ್ಮನಾಗುತ್ತಾರೆ. ಆ ಮೌನದಲ್ಲಿ ಒಂದೇ ಒಂದು ಸಾಲು. ಕೊನೆಗೆ "ಪರಾಕ್". ಹೇಳಿದವನೇ ಬಿಲ್ಲಿನಿಂದ ಕೈಬಿಡುತ್ತಾನೆ, ಕೆಳಗಿದ್ದವರು ಹಿಡಿದುಕೊಳ್ಳುತ್ತಾರೆ. ಮುಗಿಯಿತು. ಮುಂದಿನ ಇಡೀ ವರ್ಷಕ್ಕೆ ಅಷ್ಟೇ ಶಾಸ್ತ್ರ. ಮಳೆಗೆ, ಬೆಳೆಗೆ, ರೋಗಕ್ಕೆ, ಚುನಾವಣೆಗೆ, ಎಲ್ಲದಕ್ಕೂ ಅದೇ ನಾಲ್ಕೈದು ಪದ. ರಾಣೆಬೆನ್ನೂರು ತಾಲ್ಲೂಕಿನ ದೇವರಗುಡ್ಡದಲ್ಲಿ ದಸರೆಯ ಹೊತ್ತಿಗೆ ಇಂಥದೇ ಇನ್ನೊಂದು ಕಾರಣಿಕ ಆಗುತ್ತದೆ.

ನಾನು ಭವಿಷ್ಯವನ್ನು ನಂಬುವವನಲ್ಲ. ನಾಲ್ಕು ಪದಗಳನ್ನು ಯಾವ ಕಡೆಗೂ ಎಳೆಯಬಹುದು, ಎಳೆಯುತ್ತಾರೆ ಕೂಡ. ಸೋತ ಪಕ್ಷವೂ ಗೆದ್ದ ಪಕ್ಷವೂ ಅದೇ ಸಾಲನ್ನು ತಮ್ಮದೆನ್ನುತ್ತವೆ. ಆದರೆ ಆ ಸಾಲಿನ ವ್ಯಾಕರಣವನ್ನು ಗಮನಿಸಿದ್ದೀರಾ? ಬರಲಿರುವ ವರ್ಷದ ಮಾತು, ಕ್ರಿಯಾಪದ ಮಾತ್ರ ಎಷ್ಟೋ ಸಲ ಭೂತಕಾಲದ್ದು. ಆಯಿತಲೇ, ಬಿತ್ತಲೇ, ತುಳುಕಿತಲೇ. ಇನ್ನೂ ಆಗದ್ದು ಆಗಿಹೋದ ಹಾಗೆ. ಬಿಲ್ಲಿನ ತುದಿಯಲ್ಲಿ ನಿಂತವನು ಮುಂದಿನ ವರ್ಷದ ಆಚೆ ಬದಿಗೆ ಹೋಗಿ ತಿರುಗಿ ನೋಡುತ್ತಿದ್ದಾನೆ ಅನ್ನಿಸುವುದಿಲ್ಲವೇ?

ಇದು ದೇವವಾಣಿಯ ಗುಟ್ಟೇನೂ ಅಲ್ಲ, ನೀವೂ ದಿನಾ ಮಾಡುವ ಮಾಟವೇ. ಅಡುಗೆ ಮನೆಯಿಂದ ಅವ್ವ "ಊಟಕ್ಕ ಬಾ" ಎಂದು ಕೂಗಿದಾಗ ಮೊಬೈಲಿನಿಂದ ಕಣ್ಣೆತ್ತದೆ ಏನು ಹೇಳುತ್ತೀರಿ? "ಬಂದೆ!" ಬಂದಿರುವುದಿಲ್ಲ, ಎದ್ದಿರುವುದೂ ಇಲ್ಲ. ಆದರೂ ಬಂದೆ. ಮರಾಠಿ ಗೆಳೆಯನ ಮನೆಯಲ್ಲಿ ಅವನೂ "ಆಲೋ" ಎನ್ನುತ್ತಾನೆ, ಅದೂ ಭೂತಕಾಲವೇ. ಹೊರಡುವವರು "ಹೋಗ್ತೀನಿ" ಎನ್ನದೆ "ಬರ್ತೀನಿ" ಎನ್ನುವುದೂ ಇದೇ ಮನೆತನದ ಮಾತು. ಇನ್ನು ಬಾಗಿಲ ಮೇಲೆ "ನಾಳೆ ಬಾ" ಎಂದು ಬರೆದು ದೆವ್ವವನ್ನು ದಿನಾ ಒಂದು ದಿನ ಮುಂದೂಡುತ್ತಿದ್ದ ಕಥೆಯನ್ನು ನೀವು ಕೇಳಿರಬಹುದು. ಎರಡೇ ಪದದ ಕಾಲಮಂತ್ರ. ಅಷ್ಟು ಗಟ್ಟಿಯಾದದ್ದನ್ನು ನಿಮ್ಮ ಫ್ಯಾಂಟಸಿ ಕಾದಂಬರಿಯವರು ಆರುನೂರು ಪುಟದಲ್ಲಿ ಬರೆಯಲಿ ನೋಡೋಣ.

ಜೇಜುರಿಯಿಂದ ಮರಳಿದ ಸಂಜೆ ನಾನು ಅಟ್ಟದಿಂದ ಅಪ್ಪನ ಪಂಚಾಂಗಗಳನ್ನು ಇಳಿಸಿದೆ.

ಮೈಲಾರದ ಜಾತ್ರೆಗೆ ಪ್ರತಿ ವರ್ಷ ಹೋಗಲು ಅಪ್ಪನಿಗೆ ರಜೆ ಸಿಗುತ್ತಿರಲಿಲ್ಲ. ಅವರು ಜೇಜುರಿಗೆ ಹೋಗಿ ಬಂಡಾರ ಹಾರಿಸಿ ಬರುತ್ತಿದ್ದರು. ಅದೇ ಹುಣ್ಣಿಮೆಗೆ ಅಲ್ಲಿಯೂ ಯಾತ್ರೆ ಇರುತ್ತದೆ. ನಮ್ಮಲ್ಲೂ ಮರಾಠಿಯವರಲ್ಲೂ ಅಮಾವಾಸ್ಯೆಗೆ ಮುಗಿಯುವ ತಿಂಗಳೇ ಆದ್ದರಿಂದ ಮಾಘ ಎಂದರ ಎರಡೂ ಕಡೆ ಮಾಘವೇ. ಕಾರಣಿಕವನ್ನು ಮಾತ್ರ ಊರಿಂದ ದೊಡ್ಡಪ್ಪ ಅಂಚೆ ಕಾರ್ಡಿನಲ್ಲಿ ಬರೆದು ಕಳಿಸುತ್ತಿದ್ದರು. ಎಂಟು ಹತ್ತು ದಿನಕ್ಕೆ ಕೈಸೇರುತ್ತಿತ್ತು. ಯೋಚಿಸಿ: ಮುಂದಿನ ವರ್ಷ ಅಂಚೆಯವನ ಚೀಲದಲ್ಲಿ ಕೂತು ತಡವಾಗಿ ಬರುತ್ತಿತ್ತು! ಹೊಸ ಪಂಚಾಂಗ ಬರುವುದು ಯುಗಾದಿಗೆ, ಕಾರಣಿಕ ಆಗುವುದು ಅದಕ್ಕೂ ಒಂದೂವರೆ ತಿಂಗಳ ಮೊದಲು. ಆದ್ದರಿಂದ ಕಾರ್ಡನ್ನು ದೇವರ ಗೂಡಿನಲ್ಲಿ ಇಟ್ಟು, ಯುಗಾದಿಯ ದಿನ ಬೇವು ಬೆಲ್ಲ ತಿಂದ ಮೇಲೆ ಆ ಸಾಲನ್ನು ಹೊಸ ಪಂಚಾಂಗದ ರಟ್ಟಿನ ಒಳಬದಿಗೆ ಶಾಯಿಯಲ್ಲಿ ಬರೆಯುತ್ತಿದ್ದರು. ವರ್ಷ ಮುಗಿದಾಗ ಅದರ ಕೆಳಗೆ, ಪೆನ್ಸಿಲಿನಲ್ಲಿ, ಆದದ್ದೇನು ಎಂದು ಒಂದೋ ಎರಡೋ ಸಾಲು.

1962ರಿಂದ 2003ರವರೆಗೆ ನಲವತ್ತೆರಡು ಇರಬೇಕಿತ್ತು. ಮೂರು ಮನೆ ಬದಲಿಸುವಾಗ ಕಳೆದಿವೆ, ಮೂವತ್ತೊಂಬತ್ತು ಉಳಿದಿವೆ. ಹೆಚ್ಚಿನವುಗಳಲ್ಲಿ ಪೆನ್ಸಿಲ್ ಸಾಲು ಸಂಸಾರದ್ದೇ: ತಂಗಿ ಹುಟ್ಟಿದ್ದು, ಸೈಕಲ್ ಕಳೆದದ್ದು, ಮುಷ್ಕರ, ಊರಲ್ಲಿ ಎತ್ತು ಸತ್ತದ್ದು. 1972ರದ್ದರಲ್ಲಿ ಬರಗಾಲದ ಮಾತು. ಮಳೆ ಇಲ್ಲ, ಜೋಳ ಇಲ್ಲ, ರೇಷನ್ನಿನಲ್ಲಿ ಮೈಲೋ ಎಂದಷ್ಟೇ ಇದೆ. ಮೈಲೋ ಎಂದರೆ ಆ ಬರದಲ್ಲಿ ಅಮೆರಿಕಾದಿಂದ ತರಿಸಿ ಹಂಚಿದ ಕೆಂಪು ಜೋಳ. ಅದರ ರೊಟ್ಟಿಯನ್ನು ಅವ್ವ ಕೊನೆಯವರೆಗೂ ಬಯ್ಯುತ್ತಿದ್ದಳು. 1993ರದ್ದರಲ್ಲಿ "ಸೆಪ್ಟೆಂಬರ್ 30" ಎಂದು ಬರೆದು ಮುಂದೆ ಒಂದು ಗೆರೆ ಎಳೆದಿದ್ದಾರೆ. ಕಿಲ್ಲಾರಿಯ ಭೂಕಂಪದ ದಿನ. ಕಾರಣಿಕದ ಸಾಲಿಗೂ ಅದಕ್ಕೂ ಗಂಟು ಹಾಕಲು ಅವರು ಒಪ್ಪಿರಲಿಕ್ಕಿಲ್ಲ. ಸಾಲನ್ನು ಎಳೆಯುವುದರಲ್ಲಿ ಅಪ್ಪ ಕೂಡ ಏನೂ ಕಡಿಮೆ ಇರಲಿಲ್ಲ ಎಂಬುದನ್ನು ನೆನೆದರೆ ಆ ಬರೀ ಗೆರೆ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ.

2003ರದ್ದರಲ್ಲಿ ಶಾಯಿಯ ಸಾಲು ಇದೆ, ಪೆನ್ಸಿಲ್ ಸಾಲು ಇಲ್ಲ. ಆ ಶ್ರಾವಣದಲ್ಲಿ ಅಪ್ಪ ಹೋದರು.

ಸೊಸೆ ಒಂದೊಂದನ್ನೇ ತೆರೆದು ನೋಡುತ್ತ ಹೋದಳು. ಅವಳಿಗೆ ಅಜ್ಜನ ನೆನಪಿಲ್ಲ, ಹುಟ್ಟಿದ್ದೇ ಆಮೇಲೆ. ಮೂವತ್ತೊಂಬತ್ತು ರಟ್ಟುಗಳು, ಒಂದು ಅಕ್ಷರವೂ ತಿಳಿಯದು. "ಮಾಮಾ, ಓದಿ ಹೇಳು" ಎಂದಳು. ಮೂರು ಓದಿ ಹೇಳಿದೆ. ನಾಲ್ಕನೆಯದಕ್ಕೆ ಅವಳೇ ಬೇಡವೆಂದಳು. "ನೀ ಓದಿದ್ರ ಅದು ನಿನ್ನ ಪುಸ್ತಕ ಆಗ್ತದ" ಎಂದಳು. ಈ ಮಾತು ನನಗೆ ಚುಚ್ಚಿತು, ಖುಷಿಯೂ ಆಯಿತು.

ನಿಮ್ಮಲ್ಲಿ ಎಷ್ಟೋ ಜನರ ಮನೆಯ ಅಟ್ಟದಲ್ಲಿ ಇಂಥದೇನಾದರೂ ಇದ್ದೇ ಇರುತ್ತದೆ, ಕಾಗದಗಳೋ ಲೆಕ್ಕದ ವಹಿಯೋ. ಆದ್ದರಿಂದ ಅವಳು ಮಾಡಿದ ಉಪಾಯ ಹೇಳುತ್ತೇನೆ. ಮರಾಠಿ ಶಾಲೆಯಲ್ಲೋ ಹಿಂದಿ ತರಗತಿಯಲ್ಲೋ ನೀವು ದೇವನಾಗರಿ ಕಲಿತಿದ್ದೀರಿ. ಕ ಖ ಗ ಘ ಙ ಎಂಬ ಸಾಲು ಕನ್ನಡದಲ್ಲೂ ಅದೇ ಕ್ರಮ, ಅದೇ ಸದ್ದು. ಆಕಾರ ಮಾತ್ರ ಬೇರೆ. ಒಂದು ಹಾಳೆಯಲ್ಲಿ ಎರಡನ್ನೂ ಎದುರೆದುರು ಬರೆದುಕೊಂಡರೆ ಅರ್ಧ ಕೆಲಸ ಮುಗಿಯಿತು. ಹೊಸದಾಗಿ ಕಿವಿ ಪಳಗಬೇಕಾದದ್ದು ಎ ಮತ್ತು ಏ, ಒ ಮತ್ತು ಓ, ಇವುಗಳ ನಡುವಿನ ವ್ಯತ್ಯಾಸಕ್ಕೆ. ಮರಾಠಿಯಲ್ಲಿ ಈ ಗಿಡ್ಡ ಎ, ಒ ಬೇರೆ ಅಕ್ಷರಗಳಲ್ಲ. ಆಮೇಲೆ ತಲೆಕಟ್ಟು, ಇಳಿ, ಗುಡಿಸು, ಕೊಂಬು ಎಂಬ ಗುಣಿತದ ಚಿಹ್ನೆಗಳು. ಅವಳಿಗೆ ಐದು ವಾರ ಹಿಡಿಯಿತು, ಪರೀಕ್ಷೆಯ ನಡುವೆ.

ಅಕ್ಷರ ಬಂದ ಮೇಲೆ ಅವಳು ಕಂಡುಹಿಡಿದದ್ದನ್ನು ನಾನು ಇಷ್ಟು ವರ್ಷ ಗಮನಿಸಿರಲಿಲ್ಲ. ಅಪ್ಪ ಅವಸರದ ಬರಹದಲ್ಲಿ ಗುಡಿಸಿನ ದೀರ್ಘವನ್ನು ಹಾಕುತ್ತಲೇ ಇರಲಿಲ್ಲ. "ನೀರು" ಕೂಡ ಅವರ ಕೈಯಲ್ಲಿ "ನಿರು". ನೀರು ಎಂದಾದರೆ ಊಹಿಸಿ ಓದಬಹುದು. ಆದರೆ "ತುಳುಕಿತು" ಎಂದರೆ ಚೆಲ್ಲಿಯಾಯಿತು. "ತುಳುಕೀತು" ಎಂದರೆ ಚೆಲ್ಲಿದರೂ ಚೆಲ್ಲಬಹುದು, ಜೋಕೆ. ಆಗಿಹೋದದ್ದಕ್ಕೂ ಆಗಬಹುದಾದದ್ದಕ್ಕೂ ನಡುವೆ ಇರುವುದು ಆ ಒಂದು ದೀರ್ಘ ಮಾತ್ರ. ಅಪ್ಪನ ರಟ್ಟುಗಳಲ್ಲಿ ಹಲವು ಸಾಲುಗಳು ಇಂಥ ಕ್ರಿಯಾಪದದಲ್ಲೇ ಮುಗಿಯುತ್ತವೆ. ಗೊರವಯ್ಯ ಹೇಳಿದ್ದು ಯಾವುದು, ದೊಡ್ಡಪ್ಪ ಬರೆದದ್ದು ಯಾವುದು, ಅಪ್ಪ ಇಳಿಸಿಕೊಂಡದ್ದು ಯಾವುದು? ಕಾರ್ಡುಗಳು ಉಳಿದಿಲ್ಲ. ಕೇಳಲು ಅವರಿಬ್ಬರೂ ಇಲ್ಲ. ಹಳೆಯ ಪತ್ರಿಕೆಗಳಲ್ಲಿ ಹುಡುಕಿದರೆ ಕೆಲವು ಸಿಗಬಹುದು, ಹುಡುಕುತ್ತೇನೆ ಎಂದಿದ್ದಾಳೆ. ಅವಳ ಕಲ್ಪನೆಯ ಗ್ರಂಥಕ್ಕೂ ಈಗ ಇದೇ ನಿಯಮ ಸೇರಿದೆಯಂತೆ: ಕಾಲದ ಪುಟದಲ್ಲಿ ದೀರ್ಘಗಳಿರುವುದಿಲ್ಲ, ಓದುವವನೇ ಹಾಕಿಕೊಳ್ಳಬೇಕು. ಇಂಗ್ಲಿಷಿನಲ್ಲಿ ಇದನ್ನು ಹೇಗೆ ಬರೆಯುವುದು ಎಂದು ಗೆಳತಿಯರ ಜೊತೆ ಜಗಳವೂ ಆಗಿದೆ.

2003ರ ಖಾಲಿ ಜಾಗದಲ್ಲಿ ಪೆನ್ಸಿಲ್ ಸಾಲನ್ನು ತಾನು ಬರೆಯಲೇ ಎಂದು ಕೇಳಿದಳು. ತಂಗಿಗೆ ಅದು ಇಷ್ಟವಿಲ್ಲ, ಅಪ್ಪ ಬಿಟ್ಟ ಹಾಗೆ ಇರಲಿ ಎನ್ನುತ್ತಾಳೆ. ನನಗೆ ಎರಡೂ ಸರಿ ಎನಿಸುತ್ತದೆ, ಅದಕ್ಕೇ ಸುಮ್ಮನಿದ್ದೇನೆ.

ಈಗಂತೂ ಗೊರವಯ್ಯ ಬಿಲ್ಲಿನಿಂದ ಇಳಿಯುವ ಮೊದಲೇ ಕಾರಣಿಕದ ವಿಡಿಯೋ ನಮ್ಮ ಮೊಬೈಲಿಗೆ ಬಂದಿರುತ್ತದೆ. ಊರಿನಲ್ಲಿರುವ ದೊಡ್ಡಪ್ಪನ ಮೊಮ್ಮಗನೇ ಕಳಿಸುವುದು. ಮೊನ್ನೆ ಸೊಸೆ ಅವನಿಗೆ ಫೋನು ಮಾಡಿದಳು. "ಅಣ್ಣಾ, ಬರೋ ಭರತ ಹುಣ್ಣಿಮಿಗೆ ವಿಡಿಯೋ ಕಳಸಬ್ಯಾಡ. ಕಾರ್ಡಿನ್ಯಾಗ ಬರದು ಅಂಚಿಗೆ ಹಾಕು. ದೀರ್ಘ ಸರಿಯಾಗಿ ಹಾಕು ಮತ್ತ" ಎಂದಳು. ಅಂಚೆ ಕಾರ್ಡು ಈಗ ಸಿಗುತ್ತದೋ ಇಲ್ಲವೋ ಎಂದು ಅವನಿಗೆ ಸಂಶಯ. ಸೋಮವಾರ ಊರ ಅಂಚೆ ಕಚೇರಿ ತೆರೆದ ಮೇಲೆ ಕೇಳಿ ನೋಡುತ್ತಾನಂತೆ.